ಮತ್ತಿತರರ ಏಳು ಸಾವಿರ ರಾತ್ರಿಗಳು

ದೀಪಾವಳಿ ಕಳೆದು ಯಕ್ಷಗಾನ ಮೇಳಗಳು ತಿರುಗಾಟಕ್ಕೆ ಹೊರಟವೆಂದರೆ ಉಡುಪಿ ಜಿಲ್ಲೆಯ ಸಾಸ್ತಾನ ಪೇಟೆಯ ಗೋಡೆಗಳಿಗೆ ಹೊಸ ಬಣ್ಣ ಬರುತ್ತದೆ. ಹೆದ್ದಾರಿ ಬದಿಯ ಅಂಗಡಿಗಳಲ್ಲಿ, ಹಂಗಾರಕಟ್ಟೆಗೆ ಹೋಗುವ ದಾರಿಯ ಕಂಬಗಳಲ್ಲಿ, ಪಾಂಡೇಶ್ವರ, ಗುಂಡ್ಮಿ, ಐರೋಡಿಯ ತಿರುವುಗಳಲ್ಲಿ ಆಟದ ಪೋಸ್ಟರುಗಳು. ಮೇಲ್ಗಡೆ ಭಾಗವತರ ಹೆಸರು, ಅದರ ಕೆಳಗೆ ಮದ್ದಳೆ, ಚಂಡೆಯವರು, ಆಮೇಲೆ ಫೋಟೋ ಸಮೇತ ಮುಖ್ಯ ವೇಷಧಾರಿಗಳು, ಸ್ತ್ರೀವೇಷದವರು, ಹಾಸ್ಯಗಾರರು. ಎಲ್ಲಕ್ಕಿಂತ ಕೆಳಗೆ, ಸಣ್ಣ ಅಕ್ಷರದಲ್ಲಿ, ‘ಮತ್ತಿತರರು’.

ಆ ಕೊನೆಯ ಸಾಲಿನವರನ್ನು ನಾವೆಲ್ಲ ನೋಡಿದ್ದೇವೆ. ದೇವೇಂದ್ರನ ಒಡ್ಡೋಲಗದಲ್ಲಿ ಅಗ್ನಿಯಾಗಿ, ವಾಯುವಾಗಿ ಬಂದು ನಾಲ್ಕು ಹೆಜ್ಜೆ ಕುಣಿದು ಬದಿಗೆ ನಿಂತವರು ಅವರು. ಚಂಡ ಮುಂಡರಲ್ಲಿ ಒಬ್ಬರಾಗಿ ದೇವಿಯ ಕೈಯಲ್ಲಿ ಸತ್ತವರು ಅವರು. ರಾಯಭಾರಿಯಾಗಿ, ಮಂತ್ರಿಯಾಗಿ, ಸಖಿಯಾಗಿ, ಋಷಿಯಾಗಿ, ನಾಯಕನ ತಮ್ಮನಾಗಿ ಬಂದುಹೋದವರೂ ಅವರೇ. ಒಬ್ಬೊಬ್ಬರ ಲೆಕ್ಕ ಹಾಕಲು ಕೂತರೆ, ಇಷ್ಟು ದೊಡ್ಡ ಸಂಖ್ಯೆಗಳು ಇಷ್ಟು ಸಣ್ಣ ಅಕ್ಷರದ ಕೆಳಗೆ ಇದ್ದವೇ ಎಂದು ನಂಬಲು ಕಷ್ಟವಾಗುತ್ತದೆ.

ಹೋಲಿಸಿ ನೋಡಲು ಒಂದು ಅಳತೆಗೋಲು ಬೇಕು. ಅದನ್ನು ಲಂಡನ್ನಿನಿಂದ ತರುತ್ತೇನೆ, ಏಕೆಂದರೆ ಪೋಷಕ ನಟರ ಲೆಕ್ಕವನ್ನು ಅಲ್ಲಿನವರು ಒಂದೊಂದು ಪ್ರದರ್ಶನವೂ ತಪ್ಪದಂತೆ ಬರೆದಿಟ್ಟಿದ್ದಾರೆ.

ಅಗಾಥಾ ಕ್ರಿಸ್ಟಿ ಬರೆದ ‘ದಿ ಮೌಸ್‌ಟ್ರ್ಯಾಪ್’ ನಾಟಕ ಲಂಡನ್ನಿನಲ್ಲಿ ಶುರುವಾದದ್ದು 1952ರ ನವೆಂಬರ್ 25ರಂದು. ವಾರಕ್ಕೆ ಎಂಟು ಪ್ರದರ್ಶನ. 2020ರ ಮಾರ್ಚಿನಲ್ಲಿ ಕೊರೊನಾ ಬಂದು ಬಾಗಿಲು ಹಾಕಿಸುವವರೆಗೂ ನಿಲ್ಲದೆ ನಡೆಯಿತು, ಮರುವರ್ಷ ಮೇ ತಿಂಗಳಲ್ಲಿ ಮತ್ತೆ ತೆರೆಯಿತು. ಆ ನಾಟಕದಲ್ಲಿರುವುದು ಎಂಟು ಪಾತ್ರಗಳು. ಅವುಗಳಲ್ಲಿ ಒಂದು ಮೇಜರ್ ಮೆಟ್‌ಕಾಫ್ ಎಂಬವನದು. ನಾಯಕನಲ್ಲ, ಹಿಮ ಬಿದ್ದು ದಾರಿ ಮುಚ್ಚಿದ ಮನೆಯಲ್ಲಿ ಉಳಿದುಕೊಂಡ ಅತಿಥಿಗಳಲ್ಲಿ ಒಬ್ಬ. ಡೇವಿಡ್ ರೇವನ್ ಎಂಬ ನಟ 1957ರ ಜುಲೈಯಿಂದ 1968ರ ನವೆಂಬರಿನವರೆಗೆ ಆ ಪಾತ್ರವನ್ನು 4,575 ಸಲ ಮಾಡಿದರು. ಹನ್ನೊಂದು ವರ್ಷಕ್ಕೂ ಮೀರಿ ಅದೇ ಪಾತ್ರ, ಅದೇ ಮಾತು. ಆ ಸಂಖ್ಯೆ ಗಿನ್ನೆಸ್ ದಾಖಲೆಯ ಪುಸ್ತಕ ಸೇರಿತು.

ಅದೇ ನಾಟಕದ ನ್ಯಾನ್ಸಿ ಸೀಬ್ರೂಕ್ ಎಂಬವರ ಕಥೆ ಇನ್ನೂ ಮನಸ್ಸು ತಟ್ಟುವಂಥದ್ದು. ಮಿಸೆಸ್ ಬಾಯ್ಲ್ ಎಂಬ ಪಾತ್ರಕ್ಕೆ ಅವರು ಬದಲಿ ನಟಿ. ಪಾತ್ರಧಾರಿ ಬಾರದ ದಿನ ಮಾತ್ರ ಇವರಿಗೆ ಅವಕಾಶ. ಹದಿನೈದು ವರ್ಷ, 6,240 ಪ್ರದರ್ಶನ ಅವರು ಕಾಯುತ್ತ ಇದ್ದರು. ರಂಗಕ್ಕೆ ಹೋದದ್ದು 72 ಸಲ. ಸುಮಾರು 87 ಪ್ರದರ್ಶನ ಕಾದರೆ ಒಂದು ಪ್ರದರ್ಶನ ಸಿಗುತ್ತದೆ ಎಂದಾಯಿತು. 1994ರಲ್ಲಿ ಅವರು ನಿವೃತ್ತರಾದರು. ಇನ್ನೊಬ್ಬರು ಡೆರಿಕ್ ಗೈಲರ್. ಈ ಪೋಷಕ ನಟ ರಂಗದ ಮೇಲೆ ಬರುವುದೇ ಇಲ್ಲ. ನಾಟಕದ ನಡುವೆ ರೇಡಿಯೋ ವಾರ್ತೆ ಓದುವ ಧ್ವನಿ ಅವರದು, ಮೊದಲ ಪ್ರದರ್ಶನದ ಕಾಲದಲ್ಲೇ ಧ್ವನಿಮುದ್ರಿಸಿಕೊಂಡದ್ದು. ಅವರು 1999ರಲ್ಲಿ ತೀರಿಕೊಂಡರು. ಆ ಮೇಲೂ ಪ್ರತಿ ಪ್ರದರ್ಶನದಲ್ಲಿ ವಾರ್ತೆ ಓದುತ್ತ ಬಂದದ್ದು ಅವರ ಧ್ವನಿಯೇ.

ಇದೆಲ್ಲ ಓದಿದಾಗ ನನಗೆ ಗೌರವ ಹುಟ್ಟಿತು. ಒಂದು ಊರು ತನ್ನ ಸಣ್ಣ ಪಾತ್ರಧಾರಿಯ 4,575ನೇ ಪ್ರದರ್ಶನವನ್ನೂ ಎಣಿಸಿ ಇಟ್ಟುಕೊಂಡಿದೆ. ಆಮೇಲೆ ನಮ್ಮ ಕಡೆಯ ಲೆಕ್ಕ ಹಾಕಲು ಕೂತೆ.

ಮೇಳದ ತಿರುಗಾಟ ನವೆಂಬರಿನ ನಡುವಿನಿಂದ ಮೇ ಕೊನೆಯ ವಾರದವರೆಗೆ. ಮೇಳಗಳು ತಿರುಗಾಟ ಮುಗಿಸುವ ಪತ್ತನಾಜೆ ದಿನ ಕಳೆದು ಗೆಜ್ಜೆ ಬಿಚ್ಚುವಷ್ಟರಲ್ಲಿ 190ರ ಆಸುಪಾಸು ದಿನಗಳಾಗುತ್ತವೆ. ಜ್ವರ, ಮನೆಯ ಮದುವೆ, ಸೂತಕ, ಅಕಾಲದ ಮಳೆ ಎಂದು ಕೆಲವು ದಿನ ಕಳೆದು 180 ರಾತ್ರಿ ಎಂದಿಟ್ಟುಕೊಳ್ಳೋಣ. ವಾರದ ರಜೆ ಎಂಬುದಿಲ್ಲ. ಇವತ್ತು ಕೋಟದಲ್ಲಿ, ನಾಳೆ ಹಾಲಾಡಿಯಲ್ಲಿ, ನಾಡಿದ್ದು ಬೈಂದೂರಿನಲ್ಲಿ. ‘ಇವತ್ತ್ ಎಲ್ಲ್ ಆಟ?’ ಎಂದು ಕೇಳಿದರೆ ದಿನಕ್ಕೊಂದು ಊರಿನ ಹೆಸರು.

ವರ್ಷಕ್ಕೆ 180. ಡೇವಿಡ್ ರೇವನ್ನರ 4,575ನ್ನು ಇದರಿಂದ ಭಾಗಿಸಿದರೆ 25 ದಾಟಿ ಸ್ವಲ್ಪ. ಅಂದರೆ ಇಪ್ಪತ್ತಾರನೆಯ ತಿರುಗಾಟದ ನಡುವೆ ಎಲ್ಲೋ ಒಂದು ರಾತ್ರಿ ನಮ್ಮ ಮೇಳದ ಸಾಮಾನ್ಯ ವೇಷಧಾರಿ ಆ ದಾಖಲೆಯನ್ನು ದಾಟುತ್ತಾನೆ. ಹದಿನಾಲ್ಕನೆಯ ಪ್ರಾಯದಲ್ಲಿ ಕೋಡಂಗಿ ವೇಷ ಕಟ್ಟಿ ಮೇಳ ಸೇರಿದವನಾದರೆ ಅವನಿಗಾಗ ನಲವತ್ತು. ದಾಟಿದ್ದು ಅವನಿಗೂ ಗೊತ್ತಾಗುವುದಿಲ್ಲ, ಯಜಮಾನರಿಗೂ ಗೊತ್ತಾಗುವುದಿಲ್ಲ. ಅವತ್ತೂ ಎಂದಿನಂತೆ ಚೌಕಿಯಲ್ಲಿ, ಅಂದರೆ ಬಣ್ಣದ ಮನೆಯಲ್ಲಿ, ಗಣಪತಿ ಪೂಜೆ ಆಗುತ್ತದೆ, ಆಟ ನಡೆಯುತ್ತದೆ, ಬೆಳಗ್ಗೆ ಮಂಗಳ ಹಾಡುತ್ತಾರೆ. ಅವನ ಮುಂದೆ ಇನ್ನೂ ಹದಿನೈದಿಪ್ಪತ್ತು ತಿರುಗಾಟ ಬಾಕಿ ಇರುತ್ತದೆ.

ನಲವತ್ತು ತಿರುಗಾಟ ಮಾಡಿದವನದು 7,200 ರಾತ್ರಿ. ವರ್ಷಕ್ಕೆ ತಿರುಗಿಸಿದರೆ ಇಪ್ಪತ್ತಕ್ಕೆ ಸುಮಾರು ಮೂರೂವರೆ ತಿಂಗಳಷ್ಟೇ ಕಡಿಮೆ. ಅಷ್ಟು ಕಾಲದ ಪ್ರತಿಯೊಂದು ರಾತ್ರಿಯನ್ನೂ ಒಬ್ಬ ಮನುಷ್ಯ ಬಣ್ಣ ಹಚ್ಚಿಕೊಂಡು ಎಚ್ಚರವಿದ್ದ ಎಂದರ್ಥ. ಐವತ್ತು ತಿರುಗಾಟದವರೂ ನಮ್ಮಲ್ಲಿ ಅಪರೂಪವಲ್ಲ. ಅವರದು 9,000, ಲಂಡನ್ನಿನ ದಾಖಲೆಯ ಹತ್ತಿರ ಹತ್ತಿರ ಎರಡರಷ್ಟು.

ಆದರೆ ರಾತ್ರಿಗಳನ್ನು ಮಾತ್ರ ಎಣಿಸಿದರೆ ಮೇಳದವರಿಗೆ ಅನ್ಯಾಯ ಮಾಡಿದಂತೆ. ಮೇಜರ್ ಮೆಟ್‌ಕಾಫ್ ರಾತ್ರಿಗೆ ಒಬ್ಬನೇ. ಮೇಳದ ‘ಮತ್ತಿತರರು’ ರಾತ್ರಿಗೆ ಒಬ್ಬರಲ್ಲ. ವೇಷಧಾರಿಗಳ ಗುಂಪಾದ ಮುಮ್ಮೇಳದಲ್ಲಿ ಇರುವವರು ಇಪ್ಪತ್ತರ ಆಸುಪಾಸು, ಪ್ರಸಂಗದ ಪಾತ್ರಗಳು ಅದಕ್ಕಿಂತ ಹೆಚ್ಚು. ಹಾಗಾಗಿ ಮೊದಲ ಜಾವದಲ್ಲಿ ಬ್ರಹ್ಮನಾಗಿ ಕೂತವನು ನಡುರಾತ್ರಿ ರಾಕ್ಷಸನ ಬಲದಲ್ಲಿ ಕುಣಿಯುತ್ತಾನೆ, ಬೆಳಗಿನ ಜಾವ ಇನ್ನೇನೋ ಆಗಿ ಬರುತ್ತಾನೆ. ರಾತ್ರಿಗೆ ಎರಡೇ ವೇಷ ಎಂದರೂ ನಲವತ್ತು ತಿರುಗಾಟಕ್ಕೆ 14,400 ವೇಷ. ಹಾಸ್ಯಗಾರರ ಲೆಕ್ಕವಂತೂ ಬೇರೆಯೇ. ಒಂದೇ ಆಟದಲ್ಲಿ ದೂತ, ಬ್ರಾಹ್ಮಣ, ಮುದುಕಿ, ಅಂಬಿಗ ಎಂದು ನಾಲ್ಕು ಸಲ ಬಂದರೆ ವೃತ್ತಿಯ ಕೊನೆಗೆ 28,800. ಕುಂಜಾಲು ರಾಮಕೃಷ್ಣ, ಹಳ್ಳಾಡಿ ಜಯರಾಮ ಶೆಟ್ಟಿಯಂಥವರ ಹಾಸ್ಯ ನೋಡಿದವರು, ಅವರು ರಂಗಸ್ಥಳಕ್ಕೆ ಬಂದ ಪ್ರತಿ ಸಲವೂ ಹೊಸ ಮನುಷ್ಯನಾಗಿ ಬಂದದ್ದನ್ನು ನೆನಪಿಸಿಕೊಳ್ಳಬಹುದು.

ಇನ್ನು ಬಣ್ಣದ ಲೆಕ್ಕ. ನನ್ನನ್ನು ಕೂತಲ್ಲೇ ಕೂರಿಸಿದ್ದು ಇದು.

ಚೌಕಿಯಲ್ಲಿ ಕನ್ನಡಿ ಮುಂದೆ ಕೂತು ಮುಖವರ್ಣಿಕೆ ಮಾಡಿಕೊಳ್ಳುವುದು, ಮುಂಡಾಸೋ ಕೇದಗೆ ಮುಂದಲೆಯೋ ಕಟ್ಟುವುದು, ಗೆಜ್ಜೆ ಕಟ್ಟುವುದು, ಬೆಳಗ್ಗೆ ಇದನ್ನೆಲ್ಲ ಬಿಚ್ಚಿ ಎಣ್ಣೆ ಹಚ್ಚಿ ಬಣ್ಣ ತೆಗೆಯುವುದು. ಬಣ್ಣದ ವೇಷದವರಿಗೆ ಚುಟ್ಟಿ ಇಡಲೇ ಗಂಟೆಗಟ್ಟಲೆ ಹಿಡಿಯುತ್ತದೆ. ಅದನ್ನು ಬಿಟ್ಟು ಸಾಮಾನ್ಯ ವೇಷಕ್ಕೆ ಕಟ್ಟುವುದು ಬಿಚ್ಚುವುದು ಎಲ್ಲ ಸೇರಿ ಒಂದೂವರೆ ಗಂಟೆ ಎಂದು ಇಡುತ್ತೇನೆ. ಕಡಿಮೆ ಹೇಳಿದಿರಿ ಎಂದು ಕಲಾವಿದರು ನನ್ನನ್ನು ತಿದ್ದಬಹುದು. ಒಂದೂವರೆ ಗಂಟೆಯನ್ನು 7,200ರಿಂದ ಗುಣಿಸಿದರೆ 10,800 ಗಂಟೆ. ಹಗಲು ರಾತ್ರಿ ಎಲ್ಲ ಸೇರಿಸಿ 450 ದಿನ.

ಈಗ ಲಂಡನ್ನಿನ ಕಡೆ ನೋಡಿ. ‘ಮೌಸ್‌ಟ್ರ್ಯಾಪ್’ ನಡುವಿನ ವಿರಾಮವೂ ಸೇರಿ ಸುಮಾರು ಎರಡು ಗಂಟೆ ಇಪ್ಪತ್ತು ನಿಮಿಷದ ನಾಟಕ. 4,575 ಪ್ರದರ್ಶನಕ್ಕೆ 10,675 ಗಂಟೆ. ರೇವನ್ ಅವರು ರಂಗದ ಮೇಲೆ ಇದ್ದ ಹೊತ್ತು ಮಾತ್ರವಲ್ಲ, ಪರದೆ ಎದ್ದಾಗಿನಿಂದ ಬೀಳುವವರೆಗಿನ ಇಡೀ ಹೊತ್ತಿನ ಲೆಕ್ಕ ಇದು. ಅಂದರೆ, ವಿಶ್ವದಾಖಲೆ ಬರೆದ ನಟನ ಅಷ್ಟೂ ಪ್ರದರ್ಶನಗಳು ತೆಗೆದುಕೊಂಡ ಸಮಯಕ್ಕಿಂತ ಹೆಚ್ಚು ಹೊತ್ತನ್ನು ನಮ್ಮ ವೇಷಧಾರಿ ಬರೀ ವೇಷ ಕಟ್ಟುವುದರಲ್ಲಿ, ಬಿಚ್ಚುವುದರಲ್ಲಿ ಕಳೆದಿದ್ದಾನೆ. ಕುಣಿತ ಇನ್ನೂ ಶುರುವಾಗಿಲ್ಲ. ಅರ್ಥ ಹೇಳಲು ಬಾಯಿ ತೆರೆದಿಲ್ಲ. ಈ ಲೆಕ್ಕವನ್ನು ನಾನು ಮತ್ತೆ ಮತ್ತೆ ಮಾಡಿ ನೋಡಿದ್ದೇನೆ. ನಮ್ಮ ನಾಡಿನ ಮಟ್ಟಿಗೆ ಇಷ್ಟು ದೊಡ್ಡ ವಿಷಯ ಇಷ್ಟು ಸುಮ್ಮನೆ ಇದ್ದುಬಿಟ್ಟದ್ದು ಸರಿಯಲ್ಲ ಎಂದೇ ನನಗೆ ಅನಿಸುತ್ತದೆ.

ಮಾತಿನ ಲೆಕ್ಕ ಹಾಕೋಣ. ಪ್ರಸಂಗದ ಪುಸ್ತಕದಲ್ಲಿ ಇರುವುದು ಪದ್ಯ ಮಾತ್ರ. ಭಾಗವತರು ಪದ್ಯ ಹೇಳುತ್ತಾರೆ, ಅರ್ಥವನ್ನು ವೇಷಧಾರಿ ಆ ಕ್ಷಣದಲ್ಲಿ ಹುಟ್ಟಿಸಬೇಕು. ಎದುರು ವೇಷದವನು ಏನು ಕೇಳುತ್ತಾನೆ ಎಂಬುದು ಮೊದಲೇ ಗೊತ್ತಿರುವುದಿಲ್ಲ. ನಿನ್ನೆ ಹೇಳಿದ ಉತ್ತರ ಇವತ್ತಿನ ಪ್ರಶ್ನೆಗೆ ಹೊಂದುವುದಿಲ್ಲ. ಸಣ್ಣ ವೇಷದವನಿಗೆ ರಾತ್ರಿಗೆ ಇಪ್ಪತ್ತು ನಿಮಿಷ ಮಾತು ಸಿಕ್ಕಿತು ಎನ್ನಿ. 7,200 ರಾತ್ರಿಗೆ 1,44,000 ನಿಮಿಷ. ಗಂಟೆಗೆ ತಂದರೆ 2,400. ದಿನಕ್ಕೆ ತಂದರೆ ಸರಿಯಾಗಿ ನೂರು. ಊಟ ನಿದ್ದೆ ಇಲ್ಲದೆ ನೂರು ಹಗಲು, ನೂರು ರಾತ್ರಿ ಒಬ್ಬ ಮನುಷ್ಯ ಮಾತಾಡುತ್ತಲೇ ಇದ್ದಷ್ಟು. ನಿಮಿಷಕ್ಕೆ 80 ಶಬ್ದ ಎಂದು ನಿಧಾನವಾಗಿಯೇ ಎಣಿಸಿದರೂ 1,15,20,000 ಶಬ್ದ. ಒಂದು ಕೋಟಿ ಹದಿನೈದು ಲಕ್ಷ ಕನ್ನಡದ ಶಬ್ದಗಳು, ಒಂದೂ ಕಾಗದದ ಮೇಲೆ ಇದ್ದದ್ದಲ್ಲ. ನಡುವೆ ಒಂದು ಇಂಗ್ಲಿಷ್ ಶಬ್ದ ಬಂದರೆ ಆಟ ನೋಡುವ ಅಜ್ಜಂದಿರು ಮುಖ ಕಿವಿಚುತ್ತಾರೆ. ಶಾಲೆ ಬಿಟ್ಟು ಮೇಳಕ್ಕೆ ಸೇರಿದ ಎಷ್ಟೋ ಜನ ಇಷ್ಟು ಶುದ್ಧವಾದ ಇಷ್ಟು ಕನ್ನಡವನ್ನು ತಮ್ಮ ಬಾಯಲ್ಲೇ ಕಟ್ಟಿದರು. ಕನ್ನಡದ ಉಳಿವಿನ ಬಗ್ಗೆ ಭಾಷಣ ಮಾಡುವಾಗ ಈ ಸಂಖ್ಯೆಯನ್ನು ನಾವು ನೆನಪಿಸಿಕೊಳ್ಳುವುದಿಲ್ಲ.

ಹಳೆಯ ಕಾಲದವರ ದೂರದ ಲೆಕ್ಕ ಇನ್ನೊಂದು ಬಗೆಯದು. ಮೇಳಗಳಿಗೆ ಲಾರಿ, ವ್ಯಾನು ಬರುವ ಮೊದಲು ಬೆಳಗ್ಗೆ ಆಟ ಮುಗಿದ ಮೇಲೆ ವೇಷದ ಪೆಟ್ಟಿಗೆಗಳನ್ನು ತಲೆಹೊರೆಯಲ್ಲಿ ಹೊರಿಸಿಕೊಂಡು ಮುಂದಿನ ಊರಿಗೆ ನಡೆದೇ ಹೋಗಬೇಕಿತ್ತು. ಗದ್ದೆ ಅಂಚು, ಕಾಡುದಾರಿ, ಹೊಳೆ ಬಂದರೆ ದೋಣಿ. ದಿನಕ್ಕೆ ಹತ್ತು ಕಿಲೋಮೀಟರ್ ನಡೆದರು ಎಂದು ಹಿಡಿಯೋಣ. ತಿರುಗಾಟಕ್ಕೆ 1,800 ಕಿಲೋಮೀಟರ್. ಭೂಮಿಯ ಸುತ್ತಳತೆ ಸಮಭಾಜಕ ವೃತ್ತದಲ್ಲಿ 40,075 ಕಿಲೋಮೀಟರ್. ಇಪ್ಪತ್ಮೂರನೆಯ ತಿರುಗಾಟದಲ್ಲಿ ಆ ಕಲಾವಿದ ಭೂಮಿಗೆ ಒಂದು ಪೂರ್ತಿ ಸುತ್ತು ಬಂದ. ನಲವತ್ತು ತಿರುಗಾಟಕ್ಕೆ 72,000 ಕಿಲೋಮೀಟರ್, ಅಂದರೆ ಒಂದೂಮುಕ್ಕಾಲು ಸುತ್ತು. ಅಷ್ಟನ್ನೂ ಅವನು ನಡೆದದ್ದು ಶರಾವತಿಯಿಂದ ಈಚೆ, ಘಟ್ಟದಿಂದ ಕೆಳಗೆ, ಕೆಲವೊಮ್ಮೆ ಘಟ್ಟದ ಮೇಲೆ ಒಂದಿಷ್ಟು. ರಾತ್ರಿಯಿಡೀ ಕುಣಿದ ಕಾಲಲ್ಲಿ ನಡೆದ ದೂರ ಎಂಬುದನ್ನು ಮರೆಯಬಾರದು.

ಕುಣಿತದ ಬಗ್ಗೆ ಒಂದೇ ಮಾತು. ಬಭ್ರುವಾಹನ, ಅಭಿಮನ್ಯು ಮಾಡುವ ಹುಡುಗರು ಮಂಡಿ ಸುತ್ತುತ್ತಾರಲ್ಲ, ಮೊಣಕಾಲ ಮೇಲೆ ಬಿದ್ದು ಗಿರ್ರನೆ ತಿರುಗುವುದು. ಜನ ಸಿಳ್ಳೆ ಹೊಡೆಯುತ್ತಾರೆ, ಇನ್ನೂ ಬೇಕು ಎನ್ನುತ್ತಾರೆ. ರಾತ್ರಿಗೆ 25 ಎಂದರೆ ಹದಿನೈದು ತಿರುಗಾಟಕ್ಕೆ 67,500 ಸುತ್ತು. ನಲವತ್ತು ದಾಟಿದ ಮೇಲೆ ಆ ಮೊಣಕಾಲುಗಳಿಗೆ ಮೆಟ್ಟಿಲು ಹತ್ತುವುದೂ ಕಷ್ಟವಾಗುತ್ತದೆ. ಚಪ್ಪಾಳೆ ತಟ್ಟಿದ ನಮಗೆ ಆ ಲೆಕ್ಕದಲ್ಲಿ ಪಾಲಿದೆ.

ಮಳೆಗಾಲದಲ್ಲಾದರೂ ವಿಶ್ರಾಂತಿಯೇ ಎಂದರೆ ಅದೂ ಇಲ್ಲ. ಮೇಳ ಒಳಸೇರಿದ ಮೇಲೆ ಕೆಲವರು ಗದ್ದೆಗೆ ಇಳಿಯುತ್ತಾರೆ, ಕೆಲವರು ಹೋಟೆಲಿಗೆ, ಕೆಲವರು ಮುಂಬಯಿ, ಬೆಂಗಳೂರಿನ ಆಟಗಳಿಗೆ. ಇನ್ನು ಕೆಲವರು ಚಿಕ್ಕಮೇಳ ಕಟ್ಟಿಕೊಂಡು ಸಂಜೆ ಹೊತ್ತು ಮನೆಮನೆಗೆ ಹೋಗುತ್ತಾರೆ. ಒಂದು ಸ್ತ್ರೀವೇಷ, ಒಂದು ಪುರುಷವೇಷ, ಭಾಗವತರು, ಚಂಡೆ, ಮದ್ದಳೆ. ಪಡಸಾಲೆಯಲ್ಲಿ ದೀಪ ಹಚ್ಚಿ ಹತ್ತು ಹದಿನೈದು ನಿಮಿಷದ ಆಟ, ಮುಂದಿನ ಮನೆ. ಸಂಜೆಗೆ ಹತ್ತು ಮನೆ, ಅರವತ್ತು ಸಂಜೆ ಎಂದರೆ ಒಂದು ಮಳೆಗಾಲಕ್ಕೆ 600 ಮನೆ. ಜಗತ್ತಿನ ಬೇರೆ ಯಾವ ರಂಗಭೂಮಿಯ ನಟ ತನ್ನ ಪ್ರೇಕ್ಷಕರ ಮನೆಯೊಳಗೆ ಇಷ್ಟು ಸಲ ಹೋಗಿ ಕುಣಿದಿದ್ದಾನೆ? ನವರಾತ್ರಿಯಲ್ಲಿ ಸಣ್ಣ ಹುಡುಗರು ಹೂವಿನಕೋಲು ಹಿಡಿದು ಮನೆಮನೆಯಲ್ಲಿ ಅರ್ಥ ಹೇಳುವ ಪದ್ಧತಿಯೂ ನಮ್ಮ ಕಡೆ ಇದೆ. ಎಷ್ಟೋ ಮಂದಿ ವೇಷಧಾರಿಗಳು ಬಾಯಿಬಿಟ್ಟು ಮೊದಲ ಅರ್ಥ ಹೇಳಿದ್ದು ಅಲ್ಲಿ.

ಇದುವರೆಗೆ ಒಬ್ಬ ಮನುಷ್ಯನ ಲೆಕ್ಕ ಆಯಿತು. ಇಂಥವರು ಎಷ್ಟು ಜನ ಎಂದು ಕೇಳಿದರೆ ಸಾಸ್ತಾನದ ಸುತ್ತ ಒಮ್ಮೆ ಕಣ್ಣು ಹಾಯಿಸಬೇಕು. ಮಂದಾರ್ತಿ ದುರ್ಗಾಪರಮೇಶ್ವರಿಯದು ಒಂದಲ್ಲ, ಐದು ಮೇಳ. ಮಾರಣಕಟ್ಟೆಯದು ಮೂರು. ಸಾಲಿಗ್ರಾಮ, ಪೆರ್ಡೂರು ಡೇರೆ ಮೇಳಗಳು. ಕೋಟದ ಅಮೃತೇಶ್ವರಿ, ಸೌಕೂರು, ಕಮಲಶಿಲೆ, ಹಟ್ಟಿಯಂಗಡಿ, ಮೆಕ್ಕೆಕಟ್ಟು, ನೀಲಾವರ. ಬೈಕಿನಲ್ಲಿ ಒಂದು ದಿನದಲ್ಲಿ ಸುತ್ತಿ ಬರಬಹುದಾದಷ್ಟು ಜಾಗ ಇದು.

ಮಂದಾರ್ತಿಯದನ್ನೇ ತೆಗೆದುಕೊಳ್ಳಿ. ಐದು ಮೇಳ, 180 ರಾತ್ರಿ, ತಿರುಗಾಟಕ್ಕೆ 900 ಆಟ. ‘ಮೌಸ್‌ಟ್ರ್ಯಾಪ್’ ತನ್ನ 25,000ನೇ ಪ್ರದರ್ಶನ ಕಂಡದ್ದು 2012ರ ನವೆಂಬರ್ 18ರಂದು, ಶುರುವಾಗಿ ಅರವತ್ತು ವರ್ಷಕ್ಕೆ. ಮಂದಾರ್ತಿಯ ಐದು ಮೇಳಗಳು ಈಗಿನ ನಡಿಗೆಯಲ್ಲಿ ಅಷ್ಟು ಆಟಗಳನ್ನು 28 ತಿರುಗಾಟಕ್ಕೆ ಮುಗಿಸುತ್ತವೆ, ಅದೂ ವರ್ಷದ ಅರ್ಧ ಮಾತ್ರ ಕೆಲಸ ಮಾಡಿ. ಟಿಕೆಟ್ಟಿಲ್ಲ. ಪ್ರತಿ ಆಟದ ಹಿಂದೆ ಹರಕೆ ಹೊತ್ತ ಒಂದು ಮನೆ ಇದೆ. ಹರಕೆ ಆಟಕ್ಕೆ ಹೆಸರು ಬರೆಸಿ ವರ್ಷಗಟ್ಟಲೆ ಕಾಯುವವರಿದ್ದಾರೆ. ತಂದೆ ಹೊತ್ತ ಹರಕೆಯ ಆಟವನ್ನು ಮಗ ಆಡಿಸುವುದು ನಮ್ಮ ಕಡೆ ಯಾರಿಗೂ ವಿಚಿತ್ರವಾಗಿ ಕಾಣುವುದಿಲ್ಲ.

ಈ ಕಲಾವಿದರನ್ನು ಬೆಳೆಸಿದ ಊರುಗಳ ಹೆಸರು ಅವರ ಹೆಸರಿನ ಮುಂದೆಯೇ ಇದೆ. ಬ್ರಹ್ಮಾವರದ ಪಕ್ಕದ ಹಾರಾಡಿ ಮತ್ತು ಮಟಪಾಡಿ ಎಂಬ ಎರಡು ಸಣ್ಣ ಊರುಗಳು ಯಕ್ಷಗಾನದ ಬಡಗುತಿಟ್ಟಿನ ಎರಡು ಶೈಲಿಗಳಿಗೆ ಹೆಸರು ಕೊಟ್ಟವು. ಹಾರಾಡಿಯ ಒಂದೇ ಗಾಣಿಗ ಮನೆತನದಿಂದ ರಾಮ ಗಾಣಿಗರು, ಕುಷ್ಟ ಗಾಣಿಗರು, ಸ್ತ್ರೀವೇಷಕ್ಕೆ ಹೆಸರಾದ ನಾರಾಯಣ ಗಾಣಿಗರು ಬಂದರು. ಮಟಪಾಡಿ ಶೈಲಿ ಎಂದರೆ ವೀರಭದ್ರ ನಾಯಕರ ನೆನಪು. ಸಾಸ್ತಾನಕ್ಕೆ ತಾಗಿಕೊಂಡ ಐರೋಡಿಯಿಂದ ಐರೋಡಿ ಗೋವಿಂದಪ್ಪ, ಪಕ್ಕದ ಗುಂಡ್ಮಿಯಿಂದ ಭಾಗವತ ಕಾಳಿಂಗ ನಾವಡ. ನಾವಡರು ಹುಟ್ಟಿದ್ದು 1958ರಲ್ಲಿ, ರಸ್ತೆ ಅಪಘಾತದಲ್ಲಿ ತೀರಿಕೊಂಡದ್ದು 1990ರ ಮೇ 27ರಂದು, ಆಗಿನ್ನೂ ಮೂವತ್ತೆರಡು ತುಂಬಿರಲಿಲ್ಲ. ಅವರ ಕಂಠವನ್ನು ಕ್ಯಾಸೆಟ್ಟುಗಳಲ್ಲಿ ಉಳಿಸಿಕೊಂಡೆವು, ಇವತ್ತಿಗೂ ಕೇಳುತ್ತೇವೆ. ಅದು ಆಗಲೇಬೇಕಾಗಿದ್ದ ಕೆಲಸ. ಅವರ ಪದ್ಯಕ್ಕೆ ಕುಣಿದ ಸಣ್ಣ ವೇಷಗಳ ಧ್ವನಿ ಮಾತ್ರ ಹೆಚ್ಚಾಗಿ ಉಳಿದಿಲ್ಲ. ಲಂಡನ್ನಿನ ಡೆರಿಕ್ ಗೈಲರ್‌ಗೆ ದಕ್ಕಿದ ಭಾಗ್ಯ ಇವರಲ್ಲಿ ಹೆಚ್ಚಿನವರಿಗೆ ದಕ್ಕಲಿಲ್ಲ.

ದೊಡ್ಡ ವೇಷದ ದೊಡ್ಡತನಕ್ಕೂ ಎದುರು ವೇಷ ಬೇಕು. ಚಿಟ್ಟಾಣಿ ರಾಮಚಂದ್ರ ಹೆಗಡೆಯವರಿಗೆ 2012ರಲ್ಲಿ ಪದ್ಮಶ್ರೀ ಬಂತು, ಯಕ್ಷಗಾನಕ್ಕೆ ಬಂದ ಮೊದಲ ಪದ್ಮಶ್ರೀ ಅದು. ಅವರ ಕೀಚಕ ನೋಡಿದವರ ಕಣ್ಣಲ್ಲಿ ಇನ್ನೂ ಇದ್ದಾನೆ. ಆ ಕೀಚಕ ಹಾಗೆ ಬೆಂದು ಉರಿಯಬೇಕಾದರೆ ಎದುರಿಗೆ ಹಿಂಜರಿಯುವ ಸೈರಂಧ್ರಿ ಬೇಕಿತ್ತು, ಕೊನೆಗೆ ಕೊಲ್ಲಲು ವಲಲ ಬೇಕಿತ್ತು. ಬಡಗಿನಲ್ಲಿ ಭಾಗವತರನ್ನೇ ಮೊದಲನೆಯ ವೇಷ ಎಂದು ಎಣಿಸಿ ಮೇಳದ ಮುಖ್ಯ ವೇಷಧಾರಿಯನ್ನು ಎರಡನೇ ವೇಷ ಎನ್ನುವ ರೂಢಿ ಇದೆ. ನಾಯಕನನ್ನೇ ಎರಡನೆಯ ಸ್ಥಾನದಲ್ಲಿ ಕೂರಿಸಿದ ಕಲೆ ಇದು. ಅಂಥ ಕಲೆಯಲ್ಲಿ ಹದಿನೈದನೆಯ ವೇಷವನ್ನು ಎಣಿಸದೆ ಬಿಡುವುದು ಒಪ್ಪುವ ಮಾತಲ್ಲ.

ಸಿನಿಮಾದವರ ಜೊತೆ ಹೋಲಿಸಿದರೂ ಲೆಕ್ಕ ಬದಲಾಗುವುದಿಲ್ಲ. ಕನ್ನಡ ಸಿನಿಮಾದ ಪೋಷಕ ನಟರಲ್ಲಿ ಟಿ.ಎನ್. ಬಾಲಕೃಷ್ಣ ಅವರು 1943ರ ‘ರಾಧಾರಮಣ’ದಿಂದ ಹಿಡಿದು ಐವತ್ತು ವರ್ಷದ ಹತ್ತಿರ ನಟಿಸಿದರು, ಕಿವಿ ಮಂದವಿದ್ದರೂ ಐನೂರಕ್ಕೂ ಹೆಚ್ಚು ಚಿತ್ರ ಮಾಡಿದರು. ಅದು ಬೆರಗಿನ ಸಾಧನೆಯೇ. ಐನೂರು ಪ್ರದರ್ಶನಕ್ಕೆ ಮೇಳದವನಿಗೆ ಬೇಕಾಗುವುದು ಮೂರು ತಿರುಗಾಟ. ಸಿನಿಮಾದ್ದು ಒಮ್ಮೆ ತೆಗೆದರೆ ಉಳಿಯಿತು. ಇದು ಪ್ರತಿ ರಾತ್ರಿ ಹುಟ್ಟಬೇಕು, ಬೆಳಗಾಗುವಾಗ ಮುಗಿಯಬೇಕು.

ನನ್ನನ್ನು ಚಿಂತೆಗೆ ಹಚ್ಚಿರುವ ಸಂಖ್ಯೆ ಇನ್ನೊಂದಿದೆ, ಅದು ಕಡಿಮೆಯಾಗುತ್ತಿರುವ ಸಂಖ್ಯೆ. ಇಡೀ ರಾತ್ರಿಯ ಆಟ ಕಾಲಮಿತಿಗೆ ಬಂದ ಕಡೆಗಳಲ್ಲಿ ಮೊದಲು ಕತ್ತರಿ ಬಿದ್ದದ್ದು ಪ್ರಸಂಗಕ್ಕೆ ಮುಂಚೆ ಬರುವ ಪೂರ್ವರಂಗಕ್ಕೆ. ಕೋಡಂಗಿ, ಬಾಲಗೋಪಾಲ, ಪೀಠಿಕಾ ಸ್ತ್ರೀವೇಷ. ಹೊಸ ಹುಡುಗ ರಂಗಸ್ಥಳದ ಬೆಳಕಿಗೆ, ಚಂಡೆಯ ಸದ್ದಿಗೆ, ಜನರ ಕಣ್ಣಿಗೆ ಒಗ್ಗಿಕೊಳ್ಳುತ್ತಿದ್ದದ್ದು ಆ ವೇಷಗಳಲ್ಲಿ. ತಪ್ಪು ಹೆಜ್ಜೆ ಹಾಕಿದರೂ ಯಾರೂ ಬೈಯದ ಹೊತ್ತು ಅದು. ವರ್ಷಕ್ಕೆ 180 ಸಲ ಹಾಗೆ ಕುಣಿದು ಕುಣಿದು ಅವನು ಮುಂದಿನ ಮೆಟ್ಟಿಲು ಹತ್ತುತ್ತಿದ್ದ. ಕಾಲಮಿತಿಯ ಆಟ ಕೆಟ್ಟದ್ದು ಎಂದು ನಾನು ಹೇಳುವುದಿಲ್ಲ, ಬೆಳಗ್ಗೆ ಕೆಲಸಕ್ಕೆ ಹೋಗುವವರು ಆಟ ನೋಡಬೇಕಾದರೆ ಅದು ಬೇಕು. ಆದರೆ ಕೆಳಗಿನ ಮೆಟ್ಟಿಲು ತೆಗೆದ ಮೇಲೆ ಏಳು ಸಾವಿರ ರಾತ್ರಿಯ ಕಲಾವಿದ ಎಲ್ಲಿಂದ ಹತ್ತಿ ಬರಬೇಕು? ಸಾಲಿಗ್ರಾಮದಲ್ಲಿ 1975ರಲ್ಲಿ ಕಾರ್ಕಡ ಶ್ರೀನಿವಾಸ ಉಡುಪ ಮತ್ತು ಶ್ರೀಧರ ಹಂದೆಯವರು ಕಟ್ಟಿದ ಮಕ್ಕಳ ಮೇಳ, ಐರೋಡಿ ಸದಾನಂದ ಹೆಬ್ಬಾರರಿಂದ ಬೆಳೆದ ನಮ್ಮ ಕಡೆಯ ಯಕ್ಷಗಾನ ಕಲಾಕೇಂದ್ರ, ಉಡುಪಿಯಲ್ಲಿ 1971ರಿಂದ ಇರುವ ಯಕ್ಷಗಾನ ಕೇಂದ್ರ, ಇವು ಆ ಮೆಟ್ಟಿಲನ್ನು ಬೇರೆ ರೀತಿಯಲ್ಲಿ ಉಳಿಸಿಕೊಂಡು ಬಂದಿವೆ. ತರಬೇತಿ ಕೇಂದ್ರ ಹೆಜ್ಜೆ ಕಲಿಸುತ್ತದೆ. ಆದರೆ ಮೇಳದ ರಂಗಸ್ಥಳದಲ್ಲಿ ಸಿಗುವ ನೂರೆಂಬತ್ತು ರಾತ್ರಿಗಳನ್ನು ಮೇಳವೇ ಕೊಡಬೇಕು. ಬಯಲಾಟದ ಮೇಳಗಳಾದರೂ ಪೂರ್ವರಂಗವನ್ನು ಬಿಡಬಾರದು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಕೋಟದ ಶಿವರಾಮ ಕಾರಂತರು ‘ಯಕ್ಷಗಾನ ಬಯಲಾಟ’ ಬರೆದರು, ಆ ಪುಸ್ತಕಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಸಾಸ್ತಾನದಿಂದ ಕೂಗಳತೆಯಷ್ಟು ದೂರದ ಮನುಷ್ಯ ಊರೂರು ಸುತ್ತಿ ಈ ಕಲೆಯ ರಾಗ, ತಾಳ, ವೇಷಗಳನ್ನು ದಾಖಲಿಸಿದರು. ಉಡುಪಿಯ ಯಕ್ಷಗಾನ ಕಲಾರಂಗ 1975ರಿಂದ ಕೆಲಸ ಮಾಡುತ್ತಿದೆ, ‘ಯಕ್ಷನಿಧಿ’ಯ ಮೂಲಕ ಕಲಾವಿದರ ಕಷ್ಟಕ್ಕೆ ಆಗುತ್ತಿದೆ, ಮನೆ ಇಲ್ಲದವರಿಗೆ ಮನೆ ಕಟ್ಟಿಸಿಕೊಡುತ್ತಿದೆ. ಇಷ್ಟು ಕೆಲಸ ಆಗಿರುವ ನಾಡಿನಲ್ಲಿ ಒಂದೊಂದು ಸಣ್ಣ ವೇಷಧಾರಿಯ ರಾತ್ರಿಗಳ ಎಣಿಕೆ ಕಷ್ಟದ್ದೇನಲ್ಲ. ಮೇಳದ ಮೆನೇಜರರ ಹತ್ತಿರ ಆಟದ ಪಟ್ಟಿ ಇದ್ದೇ ಇರುತ್ತದೆ. ಯಾವ ರಾತ್ರಿ, ಯಾವ ಊರು, ಯಾವ ಪ್ರಸಂಗ ಎಂಬುದರ ಪಕ್ಕದಲ್ಲಿ ಯಾರು ಯಾವ ವೇಷ ಎಂದು ಒಂದು ಸಾಲು ಬರೆದರೆ ಸಾಕು. ಹತ್ತು ವರ್ಷದಲ್ಲಿ ಅಪರೂಪದ ದಾಖಲೆಯೊಂದು ನಮ್ಮ ಕೈಯಲ್ಲಿ ಇರುತ್ತದೆ.

ಅದಾಗುವವರೆಗೆ ನಾವೇ ಮಾಡಬಹುದಾದ ಕೆಲಸ ಒಂದಿದೆ. ನಿಮ್ಮ ಊರಿನಲ್ಲಿ ಗೆಜ್ಜೆ ಬಿಚ್ಚಿಟ್ಟು ಮನೆಯಲ್ಲಿ ಕೂತ ಹಳೆಯ ವೇಷಧಾರಿ ಒಬ್ಬರಾದರೂ ಇರುತ್ತಾರೆ, ಐರೋಡಿ, ಗುಂಡ್ಮಿ, ಪಾಂಡೇಶ್ವರ, ಬಾಳೆಕುದ್ರು, ಯಾವ ಕಡೆ ಹೋದರೂ. ಈ ಮಳೆಗಾಲದಲ್ಲಿ ಒಂದು ಸಂಜೆ ಅವರ ಮನೆಗೆ ಹೋಗಿ. ಎಷ್ಟು ತಿರುಗಾಟ, ಯಾವ ಮೇಳ, ಯಾವ ಯಾವ ವೇಷ ಎಂದು ಕೇಳಿ, ಬರೆದುಕೊಳ್ಳಿ, ತಾರೀಕು ಹಾಕಿ. ಸಾಧ್ಯವಾದರೆ ಒಂದು ಅರ್ಥ ಹೇಳಿಸಿ ಫೋನಿನಲ್ಲಿ ಮುದ್ರಿಸಿಕೊಳ್ಳಿ. ತಡ ಮಾಡಬೇಡಿ.